ಇಮ್ಮಾನುವೇಲನೂ ಮಾನ್ವೆಲನೂ

ಕೊನೆಕೊಯ್ಲು ನಡೆದು, ರಾತ್ರಿಯ ಹೊತ್ತು ಮೆಟ್ಟುಗತ್ತಿಗಳ ಸದ್ದು ಮನೆಮನೆಯ ಜಗಲಿಯಿಂದಲೂ ಕೇಳಿಬರುತ್ತಿದ್ದ ದಿನಗಳವು. ಶಿರಸಿ, ಸಿದ್ದಾಪುರ, ಯಲ್ಲಾಪುರಗಳ ಕಡೆಯ ವಾಚಕರಿಗೆ ಆ ಕಾಲವನ್ನು ಬಣ್ಣಿಸಿ ಹೇಳಬೇಕಾದ ಅವಶ್ಯಕತೆಯಿಲ್ಲ. ಅಂತಹದೊಂದು ಸಂಜೆ, ನಮ್ಮ ತೋಟದ ಕೆಲಸಕ್ಕೆ ಮೂರು ತಲೆಗಳಿಂದ ಬರುತ್ತಿರುವ ಸಿದ್ದಿಯರ ಮನೆಯ ಹುಡುಗನು ಅಂಗಳದಲ್ಲಿ ಬಂದು ನಿಂತನು. ಹುಡುಗನೆಂದು ಅಭ್ಯಾಸಬಲದಿಂದ ಬರೆದೆನು. ಅವನಿಗೆ ಆಗಲೇ ಇಪ್ಪತ್ತೈದು ದಾಟಿದೆ, ಮತ್ತು ಅವನು ಬಂದುದು ತನ್ನ ಚೊಚ್ಚಲ ಮಗನ ವಿಷಯವಾಗಿಯೇ.

"ಹೆಗಡೇರೆ, ಮಗುವಿಗೆ ಹೆಸರು ನಿಶ್ಚಯವಾಯಿತು. ಅದನ್ನು ಕನ್ನಡದಲ್ಲಿ ಹೇಗೆ ಬರೆಯಬೇಕೋ ಒಂದು ಚೀಟಿಯಲ್ಲಿ ಬರೆದುಕೊಡಿ" ಎಂದನು.

"ಏನು ಹೆಸರು?"

"ಇಮ್ಯಾನುಯೆಲ್."

ಜಗಲಿಯ ಮೂಲೆಯಲ್ಲಿ ಕವಳ ಹಾಕುತ್ತ ಕುಳಿತಿದ್ದ ನನ್ನ ತಾಯಿಯವರು ತಲೆಯೆತ್ತಿದರು. "ಎಂಥ ಹೆಸರೋ ಅದು? ನಾಲಿಗೆಯ ಮೇಲೆ ನಿಲ್ಲುವುದೇ ಇಲ್ಲವಲ್ಲ. ಅದಕ್ಕೆ ಅರ್ಥವೇನು, ಹೇಳು ನೋಡುವ."

"ದೇವರು ನಮ್ಮ ಸಂಗಡ ಇದ್ದಾನೆ ಅಂತ, ಅಮ್ಮ. ಪಾದ್ರಿಗಳು ಹೇಳಿದರು."

"ಅರ್ಥ ಒಳ್ಳೆಯದೇ. ಆದರೆ ಒಂದು ಇಡೀ ವಾಕ್ಯವನ್ನು ಎಳೆಯ ಕೂಸಿನ ತಲೆಯ ಮೇಲೆ ಹೊರಿಸಿದೆಯಲ್ಲ!" ಎಂದು ಅವರು ನಕ್ಕರು.

ತಾಯಿಯವರು ವ್ಯಾಕರಣ ಓದಿದವರಲ್ಲ. ಆದರೂ ಆ ಒಂದು ಮಾತಿನಲ್ಲಿ ಅವರು ವಿಷಯದ ಮರ್ಮವನ್ನೇ ಮುಟ್ಟಿದ್ದರೆಂಬುದು ನನಗೆ ಆಮೇಲೆ, ಆ ಹೆಸರಿನ ಬೆನ್ನು ಹತ್ತಿ ಕೆಲವು ರಾತ್ರಿ ಕುಳಿತಾಗ, ತಿಳಿದುಬಂದಿತು. ಅದನ್ನು ಹೇಳುವುದಕ್ಕೆ ಮುಂಚೆ ಚೀಟಿಯ ಸಂಗತಿಯನ್ನು ಮುಗಿಸಿಬಿಡುತ್ತೇನೆ.

ಹೆಸರನ್ನು ಸರಿಯಾಗಿ ಬರೆಯಿಸಬೇಕೆಂದು ಅವನು ಅಷ್ಟು ಕಾತರಪಟ್ಟುದಕ್ಕೆ ಕಾರಣವಿತ್ತು. ಅವನ ಸ್ವಂತ ಹೆಸರು ಇಗರ್ಜಿಯ ಪುಸ್ತಕದಲ್ಲಿ ಒಂದು ಬಗೆ, ಶಾಲೆಯ ದಾಖಲೆಯಲ್ಲಿ ಮತ್ತೊಂದು ಬಗೆ, ಪಡಿತರ ಚೀಟಿಯಲ್ಲಿ ಮೂರನೆಯ ಬಗೆ. ಈ ಮೂವರೂ ಒಬ್ಬನೇ ಎಂದು ಒಂದು ಕಚೇರಿಯವರನ್ನು ಒಪ್ಪಿಸುವುದಕ್ಕೆ ಅವನು ಒಂದು ಮಳೆಗಾಲವೆಲ್ಲ ಅಲೆದಿದ್ದನು. ಉತ್ತರ ಕನ್ನಡ ಜಿಲ್ಲೆಯ ಸಿದ್ದಿಯರು 2003ರಲ್ಲಿ ಪರಿಶಿಷ್ಟ ಪಂಗಡಗಳ ಪಟ್ಟಿಗೆ ಸೇರಿದರು. ಅಂದಿನಿಂದ ಹೆಸರಿನ ಒಂದು ಕೊಂಬು ಒಂದು ದೀರ್ಘ ಹೆಚ್ಚುಕಡಿಮೆಯಾದರೂ ವಿದ್ಯಾರ್ಥಿವೇತನವೋ ಸರ್ಟಿಫಿಕೇಟೋ ತಡೆದು ನಿಲ್ಲಬಹುದು. ಸಾಲದುದಕ್ಕೆ, ಜನನ ಮರಣ ನೋಂದಣಿಯ ಕಾಯಿದೆಯ ತಿದ್ದುಪಡಿಯು 2023ರ ಅಕ್ಟೋಬರ್ 1ರಿಂದ ಜಾರಿಗೆ ಬಂದ ಮೇಲೆ ಹುಟ್ಟಿದ ಮಕ್ಕಳಿಗೆ, ಶಾಲೆಗೆ ಸೇರುವುದರಿಂದ ಹಿಡಿದು ಅನೇಕ ವಿಷಯಗಳಿಗೆ ಜನನ ಪ್ರಮಾಣಪತ್ರವೇ ಆಧಾರವೆಂದಾಗಿದೆ. ಗೃಹಸ್ಥರಾದ ವಾಚಕರು ಇದನ್ನು ತಮ್ಮ ಮನೆಯ ಮಕ್ಕಳ ವಿಷಯದಲ್ಲಿಯೂ ನೆನಪಿಡುವುದು ಲೇಸು. ಜನನವನ್ನು ಹೆಸರಿಲ್ಲದೆ ನೋಂದಾಯಿಸಿದ್ದರೆ, ಹನ್ನೆರಡು ತಿಂಗಳೊಳಗಾಗಿ ಶುಲ್ಕವಿಲ್ಲದೆ ಹೆಸರನ್ನು ಸೇರಿಸಿಕೊಳ್ಳಬಹುದು. ಅನಂತರವೂ ಹದಿನೈದು ವರ್ಷಗಳ ತನಕ ತಡವಾದುದಕ್ಕೆ ಶುಲ್ಕ ಕೊಟ್ಟು ಸೇರಿಸಬಹುದು. ಆದುದರಿಂದ ಅವಸರಪಟ್ಟು ತಪ್ಪು ಬರೆಯಿಸುವುದಕ್ಕಿಂತ ಎರಡು ದಿನ ತಡೆದು ಸರಿಯಾಗಿ ಬರೆಯಿಸುವುದು ಮೇಲು.

ನಾನು ಚೀಟಿಯ ಮೇಲೆ ಹೆಸರನ್ನು ಮೂರು ನಾಲ್ಕು ತೆರನಾಗಿ ಬರೆದು ನೋಡಿದೆನು. ಇಮ್ಯಾನುವೆಲ್, ಎಮಾನ್ಯುಯಲ್, ಇಮ್ಮಾನುವೇಲ್; ಎಲ್ಲವೂ ಕಿವಿಗೆ ಸರಿಯೇ. ನಮ್ಮ ಅಜ್ಜನವರು ಮಾರಿಜಾತ್ರೆಯಲ್ಲಿ ಪುಸ್ತಕ ಮಾರುವವರಿಂದ ಕೊಂಡಿದ್ದ ಹಳೆಯ ಸತ್ಯವೇದದ ಪ್ರತಿಯೊಂದು ಅಟ್ಟದ ಮೇಲಿದೆ. ಅದನ್ನು ನೋಡಿ ಹೇಳುವೆನು, ನಾಡಿದ್ದು ಬಾ, ಎಂದೆನು. ಅವನು ಹೊರಡಲಿಲ್ಲ. ಸ್ವಲ್ಪ ಹೊತ್ತು ಕಂಬವನ್ನು ಕೆರೆಯುತ್ತ ನಿಂತು, "ಇನ್ನೊಂದು ತೊಂದರೆಯುಂಟು. ಆಯಿ ಸಿಟ್ಟುಮಾಡಿಕೊಂಡಿದ್ದಾಳೆ" ಎಂದನು.

ಅವನ ಆಯಿ, ಎಂದರೆ ಮಗುವಿನ ಅಜ್ಜಿ, ಎರಡು ದಿನಗಳಿಂದ ಅಡಕೆ ಸುಲಿಯುವುದಕ್ಕೆ ಬಂದಿರಲಿಲ್ಲ. ಜ್ವರವೆಂದು ನಾವು ತಿಳಿದಿದ್ದೆವು. ಜ್ವರವಲ್ಲ, ಕಾರಣ ಹೆಸರು. ತೀರಿಹೋದ ತನ್ನ ಗಂಡನ ಹೆಸರನ್ನು ಮೊಮ್ಮಗನಿಗೆ ಇಡುವರೆಂದು ಆಕೆ ಒಂಬತ್ತು ತಿಂಗಳು ಎಣಿಸಿದ್ದಳು. ಹಿರಿಯ ಮಗನ ಹಿರಿಯ ಮಗನಿಗೆ ಅಜ್ಜನ ಹೆಸರು ಎಂಬುದು ನಮ್ಮಲ್ಲಿ ಹೇಗೆ ಧರ್ಮವೋ ಅವರಲ್ಲಿಯೂ ಹಾಗೆಯೇ. ಹಾಗಿರಲು, ಕ್ರಿಸ್‌ಮಸ್ಸಿನ ಹಾಡಿನಲ್ಲಿ ಕೇಳಿದ ಯಾವುದೋ ಹೊಸ ಹೆಸರನ್ನು ಮಗನೂ ಸೊಸೆಯೂ ತಾವೇ ಆರಿಸಿಕೊಂಡರು. ಅಜ್ಜನ ಹೆಸರು ಹಳ್ಳಿಯದು, ಶಾಲೆಯಲ್ಲಿ ಮಕ್ಕಳು ನಗುತ್ತಾರೆ, ಎಂಬುದು ಸೊಸೆಯ ಮಾತು. ಆಕೆಯು ತಪ್ಪು ಹೇಳಿದಳೆಂದೂ ನಾನು ಹೇಳಲಾರೆ. ನಮ್ಮ ಮನೆಗಳಲ್ಲಿಯೂ ಸುಬ್ರಾಯ, ತಿಮ್ಮಪ್ಪ, ಪರಮೇಶ್ವರ ಎಂಬ ಹೆಸರುಗಳು ಇದೇ ಕಾರಣದಿಂದ ಒಂದೊಂದಾಗಿ ತೊಟ್ಟಿಲಿನಿಂದ ಇಳಿದುಹೋಗುತ್ತಿವೆ.

"ನಿನ್ನ ತಂದೆಯ ಹೆಸರೇನು?" ಎಂದು ನಾನು ಕೇಳಿದೆನು. ನಾವು ಚಿಕ್ಕಂದಿನಿಂದಲೂ ಅವನನ್ನು ಮಾನು ಎಂದೇ ಕರೆದವರು. ಪೂರ್ತಿ ಹೆಸರು ನನಗೆ ಮರೆತಿತ್ತು.

"ಮಾನ್ವೆಲ್" ಎಂದನು.

ಆ ರಾತ್ರಿ ಸತ್ಯವೇದವನ್ನು ಅಟ್ಟದಿಂದ ಇಳಿಸಿದೆನು.

ವಾಚಕರೇ, ನಮ್ಮ ಕಡೆಯ ಹೆಸರುಗಳೆಲ್ಲ ಬಹುಮಟ್ಟಿಗೆ ಸಮಾಸಗಳೇ. ಗೋಕರ್ಣದ ಮಹಾಬಲೇಶ್ವರನಲ್ಲಿ ಮಹಾ, ಬಲ, ಈಶ್ವರ ಎಂದು ಮೂರು ಪದಗಳು. ಬನವಾಸಿಯ ಮಧುಕೇಶ್ವರನಲ್ಲಿ ಎರಡು. ಸಿದ್ದಾಪುರದ ಭುವನಗಿರಿಯ ಭುವನೇಶ್ವರಿಯಲ್ಲಿ ಎರಡು. ಗಣಪತಿಯು ಗಣಗಳ ಪತಿಯಾದುದರಿಂದ ತತ್ಪುರುಷ, ಚಂದ್ರಶೇಖರನು ಬಹುವ್ರೀಹಿ, ಇಬ್ಬರನ್ನು ಒಂದೇ ತೊಟ್ಟಿಲಲ್ಲಿ ಮಲಗಿಸಿದ ರಾಮಕೃಷ್ಣನು ದ್ವಂದ್ವ. ಇವೆಲ್ಲವೂ ಎಷ್ಟೇ ಉದ್ದವಾದರೂ ಕೊನೆಗೆ ಒಂದು ನಾಮಪದವಾಗಿ ನಿಲ್ಲುತ್ತವೆ. 'ಇಂಥವನು' ಎಂದು ಬೆರಳು ತೋರಿಸುತ್ತವೆ, ಅಷ್ಟೆ. ಯಾವ ಸಂಗತಿಯನ್ನೂ ಹೇಳುವುದಿಲ್ಲ.

ಸತ್ಯವೇದದ ಹಳೆಯ ಒಡಂಬಡಿಕೆಯ ಭಾಷೆಯಾದ ಇಬ್ರಿಯದಲ್ಲಿ ಹಾಗಲ್ಲ. ಅಲ್ಲಿ ಹೆಸರೆಂಬುದು ಅನೇಕ ವೇಳೆ ಒಂದು ಸಂಪೂರ್ಣ ವಾಕ್ಯ. 'ಇಮ್ಮಾನು' ಎಂದರೆ ನಮ್ಮೊಡನೆ. 'ಏಲ್' ಎಂದರೆ ದೇವರು. ಎರಡನ್ನೂ ಕೂಡಿಸಿದರೆ ಇಮ್ಮಾನುವೇಲ್: ನಮ್ಮೊಡನೆ ದೇವರು. ಇದರಲ್ಲಿ ಕ್ರಿಯಾಪದವಿಲ್ಲ. ಇಂಗ್ಲಿಷಿನವರಿಗೆ ಇದನ್ನು ತಿಳಿಸಬೇಕಾದರೆ ನಡುವೆ ಒಂದು ಕ್ರಿಯಾಪದವನ್ನು ತುರುಕಬೇಕು. ಕನ್ನಡಿಗರಿಗೆ ಆ ಕಷ್ಟವಿಲ್ಲ. 'ಇವನು ನಮ್ಮ ಹುಡುಗ', 'ತೋಟ ಅವರದು' ಎಂದು ಕ್ರಿಯಾಪದವಿಲ್ಲದೆಯೇ ವಾಕ್ಯ ಮುಗಿಸುವ ನಮಗೆ ಇಬ್ರಿಯದ ಈ ರೀತಿ ಹುಟ್ಟುಗುಣವೇ ಸರಿ.

ಒಮ್ಮೆ ಈ ಕೀಲಿಕೈ ಸಿಕ್ಕಿದ ಮೇಲೆ, ನಮ್ಮ ಸುತ್ತಲಿನ ಕ್ರೈಸ್ತರ ಮನೆಗಳಲ್ಲಿ ದಿನವೂ ಕೇಳುವ ಹೆಸರುಗಳೆಲ್ಲ ಬಾಗಿಲು ತೆರೆದವು. ಯೋಹಾನ ಎಂದರೆ 'ಯೆಹೋವನು ಕೃಪೆದೋರಿದನು'. ಅದೇ ಪೋರ್ಚುಗೀಸರ ಬಾಯಲ್ಲಿ ತಿರುಗಿ, ಕೊಂಕಣಿಯಲ್ಲಿ ಜುವಾಂವ್ ಆಯಿತು. ಯೋಸೇಫನು 'ಆತನು ಇನ್ನೂ ಕೂಡಿಸಲಿ'. ಅವನೇ ನಮ್ಮ ಜುಜೆ. ಮೀಕಾಯೇಲನದಂತೂ ಪ್ರಶ್ನೆ: 'ದೇವರಿಗೆ ಸಮಾನನು ಯಾವನು?' ಮಿಂಗೆಲ್ ಎಂದು ಗದ್ದೆಯ ಆಚೆಯಿಂದ ಯಾರಾದರೂ ಕೂಗಿದಾಗಲೆಲ್ಲ ಈ ಪ್ರಶ್ನೆಯು ಉತ್ತರವನ್ನು ಅಪೇಕ್ಷಿಸದೆ ಬೆಟ್ಟದಿಂದ ಬೆಟ್ಟಕ್ಕೆ ಹೋಗುತ್ತಲಿದೆ. ನತಾನಯೇಲನೂ ನಮ್ಮ ದೇವದತ್ತನೂ ಅರ್ಥದಲ್ಲಿ ಅಣ್ಣತಮ್ಮಂದಿರು.

ಕನ್ನಡದಲ್ಲಿ ವಾಕ್ಯದಂತಹ ಹೆಸರುಗಳೇ ಇಲ್ಲವೆಂದು ತಿಳಿಯಬಾರದು. ಸಂಸ್ಕೃತದಿಂದ ಬಂದವುಗಳಲ್ಲಿ ಅಪರೂಪ. ಆದರೆ ಹೆಣ್ಣುಮಕ್ಕಳೇ ಸಾಲಾಗಿ ಹುಟ್ಟಿದ ಮನೆಯ ಕಡೆಯ ಮಗಳಾದ ಸಾಕಮ್ಮನನ್ನು ನೆನೆಯಿರಿ. ಮುಂಚಿನ ಮಕ್ಕಳು ಉಳಿಯದೆ, ಹುಟ್ಟಿದ ಕೂಸನ್ನು ತಿಪ್ಪೆಯ ಮೇಲೆ ಹೊರಳಿಸಿ ತಂದು ತಿಪ್ಪಣ್ಣನೆಂದು ಕರೆದ ತಾಯಿಯನ್ನು ನೆನೆಯಿರಿ. ಆ ಹೆಸರುಗಳಲ್ಲಿ ಶಬ್ದ ಸ್ವಲ್ಪ, ಸಂಗತಿ ಬಹಳ. ಇಬ್ರಿಯರ ಹೆಸರುಗಳೂ ಹೀಗೆಯೇ ಮನೆಯ ಸುಖದುಃಖಗಳಿಂದ ಹುಟ್ಟಿದವು. ಯಾಕೋಬನ ಹೆಂಡತಿಯಾದ ರಾಹೇಲಳು ಬಹುಕಾಲ ಬಂಜೆಯಾಗಿದ್ದು ಯೋಸೇಫನನ್ನು ಹೆತ್ತಾಗ ಇನ್ನೊಬ್ಬ ಮಗನೂ ಆಗಲಿ ಎಂಬ ಆಸೆಯಿಂದಲೇ ಆ ಹೆಸರಿಟ್ಟಳು. ಆ ಇನ್ನೊಬ್ಬನು ಹುಟ್ಟಿದನು. ಆದರೆ ದಾರಿಯಲ್ಲಿ, ಪ್ರಯಾಣದ ನಡುವೆ, ಪ್ರಸವವೇದನೆಯಲ್ಲಿ ಆಕೆಯ ಪ್ರಾಣ ಹೋಯಿತು. ಪ್ರಾಣ ಹೋಗುವಾಗ ಮಗುವನ್ನು ಬೆನೋನಿ, 'ನನ್ನ ದುಃಖದ ಮಗ', ಎಂದು ಕರೆದಳು. ತಂದೆಯಾದ ಯಾಕೋಬನು ಆ ಹೆಸರನ್ನು ಉಳಿಸಲಿಲ್ಲ. 'ಬಲಗೈಯ ಮಗ' ಎಂಬರ್ಥದ ಬೆನ್ಯಾಮೀನನೆಂದು ಬದಲಾಯಿಸಿದನು. ತಾಯಿಯಿಟ್ಟ ಕಡೆಯ ಹೆಸರನ್ನು ಅಳಿಸಿದುದು ನ್ಯಾಯವೋ ಅನ್ಯಾಯವೋ ಎಂದು ನಾನು ನನ್ನ ಹೆಂಡತಿಯನ್ನು ಕೇಳಿದೆನು. "ಆ ಹೆಸರಿನಿಂದ ದಿನಕ್ಕೆ ಇಪ್ಪತ್ತು ಸಲ ಆ ಮಗುವನ್ನು ಊಟಕ್ಕೆ ಕರೆಯಬೇಕಾದವರು ಯಾರು? ತಂದೆ ಮಾಡಿದ್ದೇ ಸರಿ" ಎಂದಳು.

ಇಮ್ಮಾನುವೇಲನ ಹೆಸರು ಮೊದಲು ಕೇಳಿಬರುವುದು ಪ್ರವಾದಿಯಾದ ಯೆಶಾಯನ ಗ್ರಂಥದಲ್ಲಿ. ಕ್ರಿಸ್ತಪೂರ್ವ ಎಂಟನೆಯ ಶತಮಾನ; ಯೆರೂಸಲೇಮಿನಲ್ಲಿ ಆಹಾಜನೆಂಬ ಅರಸು. ಅರಾಮ್ಯರ ಅರಸನೂ ಇಸ್ರಾಯೇಲಿನ ಅರಸನೂ ಒಟ್ಟಾಗಿ ದಂಡೆತ್ತಿ ಬಂದಿದ್ದಾರೆ. ಅರಸನ ಎದೆಯೂ ಪ್ರಜೆಗಳ ಎದೆಯೂ ಗಾಳಿಗೆ ಸಿಕ್ಕಿದ ಕಾಡಿನ ಮರಗಳಂತೆ ನಡುಗುತ್ತಿವೆ. ಆಗ ಪ್ರವಾದಿಯು, ಒಬ್ಬಳು ಮಗನನ್ನು ಹೆತ್ತು ಇಮ್ಮಾನುವೇಲನೆಂದು ಹೆಸರಿಡುವಳು, ಆ ಮಗುವಿಗೆ ಒಳಿತು ಕೆಡಕುಗಳ ವಿವೇಚನೆ ಬರುವಷ್ಟರಲ್ಲಿ ಈ ಇಬ್ಬರು ಅರಸರ ದೇಶವೂ ಹಾಳುಬಿದ್ದಿರುವುದು, ಎಂದು ಗುರುತು ಕೊಟ್ಟನು. ಮುಂದೆ ಮತ್ತಾಯನ ಸುವಾರ್ತೆಯಲ್ಲಿ ಇದೇ ಮಾತನ್ನು ಯೇಸುವಿನ ಜನನಕ್ಕೆ ಅನ್ವಯಿಸಿದೆ. ಕ್ರಿಸ್‌ಮಸ್ಸಿನ ಹಾಡುಗಳಲ್ಲಿ ಈ ಹೆಸರು ಕೇಳಿಬರುವುದು ಆ ಕಾರಣದಿಂದ. ಹೀಗೆ ನೋಡಿದರೆ ಈ ಹೆಸರು ಸಂತೋಷದ ದಿನದಲ್ಲಿ ಹುಟ್ಟಿದುದಲ್ಲ. ಹಗೆಗಳು ಊರಬಾಗಿಲಿಗೆ ಬಂದಿದ್ದಾಗ, ಹೆದರಿದವರ ನಡುವೆ ಹುಟ್ಟಿದುದು.

ಯೆಶಾಯನು ತನ್ನ ಸ್ವಂತ ಮಕ್ಕಳಿಗೆ ಇಟ್ಟ ಹೆಸರುಗಳನ್ನು ನೋಡಿದರೆ ಮಾತ್ರ ಆ ಮಕ್ಕಳ ಮೇಲೆ ಕನಿಕರ ಬರುತ್ತದೆ. ಒಬ್ಬನು ಶೆಯಾರ್ ಯಾಶೂಬ್, 'ಉಳಿದವರು ಹಿಂದಿರುಗುವರು'. ಇನ್ನೊಬ್ಬನು ಮಹೇರ್ ಶಾಲಾಲ್ ಹಾಷ್ ಬಜ್, 'ಸೂರೆಗೆ ಆತುರ, ಕೊಳ್ಳೆಗೆ ಅವಸರ'. ಈ ಎರಡನೆಯವನನ್ನು ಸತ್ಯವೇದದಲ್ಲಿಯೇ ಅತ್ಯಂತ ಉದ್ದನೆಯ ಹೆಸರಿನವನೆಂದು ಹೇಳುವರು. ಜನನ ಪ್ರಮಾಣಪತ್ರದ ಕಾಲದಲ್ಲಿ ಅವನು ಹುಟ್ಟಲಿಲ್ಲವೆಂಬುದೇ ಸಮಾಧಾನ.

ಆದರೆ ಪುಸ್ತಕ ಓದುತ್ತ ಓದುತ್ತ ನನ್ನ ಮನಸ್ಸು ನಿಂತುದು ಇಮ್ಮಾನುವೇಲನಲ್ಲಿ ಅಲ್ಲ, ಇನ್ನೊಂದು ಕೂಡುಹೆಸರಿನಲ್ಲಿ. ಸಿದ್ದಿಯರು ಯಾರೆಂಬುದನ್ನು ಬಲ್ಲವರು ಅದಕ್ಕೆ ಕಾರಣವನ್ನು ಊಹಿಸಬಲ್ಲರು.

ಆಫ್ರಿಕದ ಪೂರ್ವತೀರದಿಂದ, ಅದರಲ್ಲಿಯೂ ಮೊಜಾಂಬಿಕಿನ ಕಡೆಯಿಂದ, ಪೋರ್ಚುಗೀಸರೂ ಅರಬ ವರ್ತಕರೂ ಶತಮಾನಗಳ ಕಾಲ ಮನುಷ್ಯರನ್ನು ಹಡಗಿಗೆ ತುಂಬಿ ಈ ತೀರಕ್ಕೆ ತಂದು ಮಾರಿದರು. ಗೋವೆಯ ಒಡೆಯರ ಮನೆಗಳಿಂದ ತಪ್ಪಿಸಿಕೊಂಡವರೂ ಬಿಡುಗಡೆ ಹೊಂದಿದವರೂ ಘಟ್ಟವನ್ನು ಹತ್ತಿ ನಮ್ಮ ಹಳಿಯಾಳ, ಯಲ್ಲಾಪುರ, ಅಂಕೋಲೆ, ಮುಂಡಗೋಡ, ಶಿರಸಿಗಳ ಕಾಡು ಸೇರಿದರು. ಬ್ರಿಟಿಷರ ಆಳಿಕೆಯ ಪ್ರದೇಶದಲ್ಲಿ ಗುಲಾಮಗಿರಿಗೆ ಕಾನೂನಿನ ಮನ್ನಣೆ ತಪ್ಪಿದುದು 1843ರಲ್ಲಿ. ಕಾಡು ಅದಕ್ಕಿಂತ ಮುಂಚೆಯೇ ಅವರಿಗೆ ಆ ಮನ್ನಣೆಯನ್ನು ತಪ್ಪಿಸಿತ್ತು. ಇಂದು ಅವರಲ್ಲಿ ಹಿಂದೂಗಳುಂಟು, ಮುಸಲ್ಮಾನರುಂಟು, ಕ್ರೈಸ್ತರುಂಟು. ಒಂದೇ ಬಳಗದಲ್ಲಿ ಗಣಪತಿಯೂ ಇಸ್ಮಾಯಿಲನೂ ಜುಜೆಯೂ ಸಂಬಂಧಿಕರಾಗಿರುವುದು ಅಪೂರ್ವವಲ್ಲ, ಮತ್ತು ಮೂರು ಮತದವರೂ 'ಹಿರಿಯರ'ನ್ನು ಪೂಜಿಸುವುದನ್ನು ಬಿಟ್ಟಿಲ್ಲ. ಡಮಾಮಿಯ ಬಡಿತಕ್ಕೆ ಕುಣಿಯುವಾಗಲಂತೂ ಯಾರು ಯಾವ ಮತವೆಂದು ಹೊರಗಿನವರಿಗೆ ತಿಳಿಯದು. ಸಿದ್ದಿ ಎಂಬ ಶಬ್ದವೂ ಒಂದು ಕೂಡುಶಬ್ದವೆಂದು ಬಲ್ಲವರು ಹೇಳುವರು: ಅರಬ್ಬಿಯ 'ಸಯ್ಯಿದೀ', 'ನನ್ನ ಒಡೆಯನೇ'. ಮಾರಾಟವಾಗಿ ಬಂದವರಿಗೆ ಒಡೆಯನೆಂಬ ಹೆಸರು ನಿಂತಿತು. ಸಂಸ್ಕೃತದ ಸಿದ್ಧಿಗಾಗಲಿ, ನಮ್ಮ ಸಿದ್ದಾಪುರಕ್ಕಾಗಲಿ ಇದರೊಡನೆ ನಂಟು ಕಲ್ಪಿಸುವುದು ಬೇಡ.

ಈಗ ಆ ಇನ್ನೊಂದು ಹೆಸರು. ಅಬ್ರಹಾಮನ ಮನೆಯಲ್ಲಿ ಹಾಗರಳೆಂಬ ದಾಸಿಯಿದ್ದಳು. ಆಕೆಯು ಐಗುಪ್ತದವಳು, ಎಂದರೆ ಆಫ್ರಿಕದ ನೆಲದವಳು. ಗರ್ಭಿಣಿಯಾಗಿದ್ದಾಗ ಒಡತಿಯ ಕಾಟವನ್ನು ತಾಳಲಾರದೆ ಮರುಭೂಮಿಗೆ ಓಡಿಹೋದಳು. ಅಲ್ಲಿ ನೀರಿನ ಒರತೆಯ ಬಳಿ ದೇವದೂತನು ಆಕೆಯನ್ನು ಕಂಡು, ನಿನಗೆ ಮಗನು ಹುಟ್ಟುವನು, ದೇವರು ನಿನ್ನ ಕಷ್ಟವನ್ನು ಕೇಳಿದ್ದಾನೆ, ಆದುದರಿಂದ ಅವನಿಗೆ ಇಷ್ಮಾಯೇಲನೆಂದು ಹೆಸರಿಡು, ಎಂದನು. 'ಇಷ್ಮಾ' ಎಂದರೆ ಕೇಳುತ್ತಾನೆ, 'ಏಲ್', ದೇವರು. ಇವನೇ ಮುಸಲ್ಮಾನರು ಪ್ರವಾದಿಯೆಂದು ಗೌರವಿಸುವ ಇಸ್ಮಾಯಿಲನು. ಅರಬ್ಬಿಯ ಅಲ್ಲಾಹ್ ಎಂಬ ಶಬ್ದವೂ ಇಬ್ರಿಯದ ಏಲ್ ಎಂಬುದೂ ಒಂದೇ ಭಾಷಾಕುಲದ ಮಾತುಗಳು. ಒಡೆಯರ ಮನೆಯಿಂದ ಓಡಿ ಅಡವಿಯನ್ನು ಸೇರಿದ ಒಬ್ಬ ದಾಸಿಯ ಮಗನ ಹೆಸರು ಸಾವಿರಾರು ವರ್ಷಗಳ ಮೇಲೆ, ಒಡೆಯರ ಮನೆಯಿಂದ ಓಡಿ ಅಡವಿಯನ್ನು ಸೇರಿದವರ ಮೊಮ್ಮಕ್ಕಳಿಗೆ ಸಂದಿದೆ. ಇಟ್ಟವರಿಗೆ ಇದು ತಿಳಿದಿತ್ತೇ ಎಂದು ಕೇಳಬೇಕಾಗಿಲ್ಲ. ಹೆಸರು ತನ್ನ ದಾರಿಯನ್ನು ತಾನೇ ಹುಡುಕಿಕೊಂಡಂತಿದೆ.

ಮಾನ್ವೆಲನ ದಾರಿಯು ಇಷ್ಟು ನೇರವಾದುದಲ್ಲ. ಇಮ್ಮಾನುವೇಲ್ ಎಂಬುದು ಗ್ರೀಕರಲ್ಲಿಗೆ ಹೋದಾಗ ಮೊದಲ ಅಕ್ಷರವು ಉದುರಿ ಮಾನುಯೇಲ್ ಎಂಬ ರೂಪವೂ ಬಳಕೆಗೆ ಬಂದಿತು. ಕಾನ್‌ಸ್ಟಾಂಟಿನೋಪಲಿನಲ್ಲಿ 1143ರಿಂದ 1180ರ ವರೆಗೆ ಆಳಿದ ಚಕ್ರವರ್ತಿಯೊಬ್ಬನಿಗೆ ಅದೇ ಹೆಸರು. ಅಲ್ಲಿಂದ ಅದು ಸ್ಪೇನು ಪೋರ್ಚುಗಲ್ಲುಗಳಲ್ಲಿ ಮನೆಮಾತಾಯಿತು. ಮುಂದಿನದನ್ನು ಕೇಳಿರಿ. 1498ರಲ್ಲಿ ವಾಸ್ಕೋ ಡ ಗಾಮನು ಕಲ್ಲಿಕೋಟೆಗೆ ಬಂದು, ಹಿಂದಿರುಗುವಾಗ ನಮ್ಮ ಕಾರವಾರದ ಎದುರಿನ ಅಂಜದೀವ ದ್ವೀಪದಲ್ಲಿ ತಂಗಿದನಷ್ಟೆ. 1510ರಲ್ಲಿ ಆಲ್ಬುಕರ್ಕನು ಗೋವೆಯನ್ನು ಹಿಡಿದನು. ಈ ಇಬ್ಬರನ್ನೂ ಆಗ ಆಳುತ್ತಿದ್ದ ಪೋರ್ಚುಗಲ್ಲಿನ ಅರಸು ಯಾರು? ಮಾನುಯೆಲ್; 1495ರಿಂದ 1521ರ ವರೆಗೆ ಪಟ್ಟದಲ್ಲಿದ್ದವನು. 'ದೇವರು ನಮ್ಮೊಡನೆ' ಎಂಬ ಹೆಸರಿನ ಅರಸನ ಹಡಗುಗಳು ತೆರೆದ ಸಮುದ್ರದ ದಾರಿಯಲ್ಲಿಯೇ ಸಿದ್ದಿಯರ ಹಿರಿಯರು ಸಂಕೋಲೆಯಲ್ಲಿ ಬಂದರು. ಕೊಂಡ ಗುಲಾಮರಿಗೆ ಜ್ಞಾನಸ್ನಾನ ಮಾಡಿಸಿ ಸಂತರ ಹೆಸರುಗಳನ್ನೂ ತಮ್ಮವರ ಹೆಸರುಗಳನ್ನೂ ಇಡುವುದು ಪೋರ್ಚುಗೀಸರ ರೂಢಿ. ಜುವಾಂವ್, ಜುಜೆ, ಪೆದ್ರು, ಬಸ್ತ್ಯಾಂವ್, ಮಾನ್ವೆಲ್. ಇವು ಹಾಗೆ ಬಂದವು. ತಾಯಿ ಇಟ್ಟಿದ್ದ ಹೆಸರುಗಳು ಹೋದವು. ಅಹಮದನಗರದ ರಾಜ್ಯವನ್ನು ಎತ್ತಿಹಿಡಿದು 1626ರಲ್ಲಿ ತೀರಿಕೊಂಡ ಮಲಿಕ್ ಅಂಬರನಂತಹ ಮಹಾಪುರುಷನ ವಿಷಯದಲ್ಲಿ ಮಾತ್ರ ಬಾಲ್ಯದ ಹೆಸರು ಛಾಪು ಎಂದಿತ್ತೆಂದು ಚರಿತ್ರೆ ನೆನಪಿಟ್ಟುಕೊಂಡಿದೆ. ಅಂಬರ ಎಂಬುದು ಕೊಂಡವರು ಇಟ್ಟುದು. ಯಲ್ಲಾಪುರದ ಕಾಡಿಗೆ ಬಂದವರ ಮೊದಲ ಹೆಸರುಗಳನ್ನು ನೆನಪಿಟ್ಟವರು ಯಾರೂ ಇಲ್ಲ.

ಹಾಗಾದರೆ ಇಂತಹ ಹೆಸರನ್ನು ಉಳಿಸಿಕೊಳ್ಳುವುದು ತರವೇ ಎಂದು ಯಾರಾದರೂ ಕೇಳಬಹುದು. ಅಮೇರಿಕದ ಪ್ರಸಿದ್ಧ ಮುಷ್ಟಿಕಾಳಗದ ವೀರನು 1964ರಲ್ಲಿ ಕ್ಯಾಸಿಯಸ್ ಕ್ಲೇ ಎಂಬ ಹೆಸರನ್ನು ಗುಲಾಮನ ಹೆಸರೆಂದು ಕಿತ್ತೆಸೆದು ಮಹಮ್ಮದ್ ಅಲಿಯಾದನು; ಅವನ ಸಿಟ್ಟು ನ್ಯಾಯವಾದುದೇ. ಆದರೆ ನಮ್ಮ ಕಾಡಿನ ಮಾನ್ವೆಲನ ಹೆಸರನ್ನು ನಾನು ಬೇರೆ ಬಗೆಯಾಗಿ ಎಣಿಸುತ್ತೇನೆ. ಅರಸನ ಹೆಸರಾಗಿದ್ದಾಗ ಅದರಲ್ಲಿ 'ನಮ್ಮೊಡನೆ' ಎಂದರೆ ಗೆದ್ದವರೊಡನೆ. ಕಾಡಿನಲ್ಲಿ ಬೆತ್ತ ಕಡಿದು, ಜೇನು ಇಳಿಸಿ, ಪರರ ತೋಟದಲ್ಲಿ ದುಡಿದ ತಲೆಮಾರುಗಳ ಬಾಯಲ್ಲಿ ಆ 'ನಮ್ಮ' ಎಂಬುದು ಬೇರೆಯವರದಾಯಿತು. ಆಹಾಜನ ಊರಿನವರಂತೆ ನಡುಗುವವರು ಯಾರೋ ಅವರ ಬಳಿಗೆ ಹೆಸರು ಹಿಂದಿರುಗಿ ಬಂದಿತು. ಆ ಶಬ್ದದ ಅರ್ಥ ಅವರಲ್ಲಿ ಬಹುಮಂದಿಗೆ ಗೊತ್ತಿರಲಿಲ್ಲವೆಂಬುದು ಬೇರೆ ಮಾತು. ಮಹಾಬಲೇಶ್ವರನೆಂದು ಹೆಸರಿಟ್ಟುಕೊಂಡ ನಮ್ಮವರಲ್ಲಿ ಎಷ್ಟು ಮಂದಿ ಅದನ್ನು ಬಿಡಿಸಿ ನೋಡಿದ್ದಾರೆ?

ಇನ್ನೊಂದನ್ನು ಹೇಳಿ ಈ ಭಾಗವನ್ನು ಮುಗಿಸುತ್ತೇನೆ. ತತ್ತ್ವಶಾಸ್ತ್ರವನ್ನು ಓದಿದವರು ಬಲ್ಲ ಜರ್ಮನ್ ಪಂಡಿತ ಕಾಂಟನಿಗೆ ಜ್ಞಾನಸ್ನಾನದಲ್ಲಿ ಇಟ್ಟ ಹೆಸರು ಎಮಾನುಯೆಲ್. ಇಬ್ರಿಯವನ್ನು ಕಲಿತ ಮೇಲೆ ಅವನು ಅದನ್ನು ಇಮ್ಮಾನುಯೆಲ್ ಎಂದು ತಿದ್ದಿ ಬರೆದುಕೊಂಡನು. ಒಂದು ಹೆಸರಿನ ಕಾಗುಣಿತಕ್ಕಾಗಿ ತಲೆಕೆಡಿಸಿಕೊಂಡವರಲ್ಲಿ ನಮ್ಮ ಸಿದ್ದಿಯ ಹುಡುಗನೇ ಮೊದಲನೆಯವನಲ್ಲ ಎಂದಾಯಿತು.

ನಾಡಿದ್ದು ಬಾ ಎಂದಿದ್ದರೂ ನಾನು ಮಾರನೆಯ ದಿನವೇ ಅವರ ಮನೆಗೆ ಹೋದೆನು. ಅಜ್ಜಿಯು ಹಿತ್ತಿಲಲ್ಲಿ ಸೌದೆಯನ್ನು ಒಟ್ಟುತ್ತಿದ್ದಳು. ನನ್ನನ್ನು ಕಂಡು ಮಣೆ ಹಾಕಿದಳು, ಮಾತಾಡಲಿಲ್ಲ. ಸೊಸೆಯು ಮಗುವನ್ನು ಎತ್ತಿಕೊಂಡು ಬಾಗಿಲಿನ ಮರೆಯಲ್ಲಿ ನಿಂತಳು. ನಾನು ನೇರವಾಗಿ, "ನಿನ್ನ ಮೊಮ್ಮಗನಿಗೆ ಇವರು ಅಜ್ಜನ ಹೆಸರನ್ನೇ ಇಟ್ಟಿದ್ದಾರೆ. ಇಬ್ಬರಿಗೂ ಅದು ತಿಳಿದಿರಲಿಲ್ಲ, ಅಷ್ಟೆ" ಎಂದೆನು.

ಆಕೆ ನಂಬಲಿಲ್ಲ. ನಾನು ಇಬ್ರಿಯವನ್ನು ಹೇಳಿದೆನು, ಗ್ರೀಕರನ್ನು ಹೇಳಿದೆನು, ಪೋರ್ಚುಗಲ್ಲಿನ ಅರಸನನ್ನೂ ಹೇಳಿದೆನು. "ಹೆಗಡೇರು ಓದಿದವರು, ನಮ್ಮ ಮನೆ ಜಗಳ ನಿಲ್ಲಿಸಲಿಕ್ಕೆ ಏನಾದರೂ ಹೇಳುತ್ತೀರಿ. ಅದರ ಸದ್ದೇ ಬೇರೆ, ಇದರ ಸದ್ದೇ ಬೇರೆ. ಎರಡೂ ಒಂದು ಹೇಗಾಗುತ್ತದೆ?" ಎಂದಳು.

"ನನ್ನ ಸೋದರಮಾವನನ್ನು ನೀನು ಏನೆಂದು ಕರೆಯುತ್ತಿದ್ದೆ?"

"ಮಾಬ್ಲ ಹೆಗಡೇರು ಅಂತ."

"ಅವನ ಹೆಸರು ಮಹಾಬಲೇಶ್ವರ. ಸದ್ದು ಬೇರೆಯಲ್ಲವೇ?"

ಆಕೆ ಕೈಯಲ್ಲಿದ್ದ ಕಟ್ಟಿಗೆಯನ್ನು ಕೆಳಗಿಟ್ಟು ಸ್ವಲ್ಪ ಯೋಚಿಸಿದಳು. ನನ್ನ ಪಾಂಡಿತ್ಯವೆಲ್ಲ ಕೂಡಿ ಮಾಡಲಾರದುದನ್ನು ಮಾಬ್ಲಮಾವನ ಹೆಸರೊಂದು ಮಾಡಿತು. "ಹಾಗಾದರೆ ಇದು ದೊಡ್ಡ ಹೆಸರು, ಅದು ಕರೆಯುವ ಹೆಸರು?" ಎಂದು ಕೇಳಿದಳು. ಹೌದೆಂದೆನು. ಬಾಗಿಲಿನ ಮರೆಯಲ್ಲಿದ್ದ ಸೊಸೆಯ ಕಡೆಗೆ ತಿರುಗಿ, "ನಾನು ಮಾನು ಅಂತಲೇ ಕರೆಯುವವಳು, ಬೇಡವೆನ್ನಬಾರದು" ಎಂದಳು. ಸೊಸೆಯು ಏನನ್ನೂ ಹೇಳದೆ ಮಗುವನ್ನು ಅತ್ತೆಯ ಕೈಗೆ ಕೊಟ್ಟಳು.

ಚೀಟಿಯ ಮೇಲೆ ಕಡೆಗೆ ಸತ್ಯವೇದದಲ್ಲಿದ್ದಂತೆ ಇಮ್ಮಾನುವೇಲ್ ಎಂದೇ ಬರೆದುಕೊಟ್ಟೆನು, ಕೊನೆಯಲ್ಲಿ ಸಿದ್ದಿ ಎಂದು ಸೇರಿಸಿ. ಇಗರ್ಜಿಯಲ್ಲಿಯೂ ಪಂಚಾಯತಿಯಲ್ಲಿಯೂ ಅದೇ ಚೀಟಿಯನ್ನು ತೋರಿಸಬೇಕೆಂದು ಎರಡು ಸಲ ಹೇಳಿದೆನು. ಕ್ರಿಸ್‌ಮಸ್ಸಿಗೆ ಮುಂಚಿನ ಭಾನುವಾರ ಜ್ಞಾನಸ್ನಾನವಾಯಿತು. ತಾಯಿಯವರು ಒಂದು ಗೊನೆ ಬಾಳೆಹಣ್ಣನ್ನೂ ಮಗುವಿಗೆ ಒಂದು ಕುಲಾವಿಯನ್ನೂ ಕಳುಹಿಸಿದರು.

ಅಜ್ಜಿಯು ಆ ವಾರವೇ ಅಡಕೆ ಸುಲಿಯುವುದಕ್ಕೆ ಬಂದಳು. ಆಗ ನನಗೆ ನೆನಪಾಗಿ, ನಮ್ಮ ತಂದೆಯವರ ಕಾಲದ ಕಿರ್ದಿ ಪುಸ್ತಕವನ್ನು ತೆಗೆದು ನೋಡಿದೆನು. ಆಳುಗಳ ಪಗಾರದ ಲೆಕ್ಕದಲ್ಲಿ ಆಕೆಯ ಗಂಡನ ಹೆಸರು ಹಲವು ಪುಟಗಳಲ್ಲಿ ಸಿಕ್ಕಿತು. ತಂದೆಯವರು ಒಂದೆಡೆ ಮಾನುವಲ ಎಂದೂ ಇನ್ನೊಂದೆಡೆ ಮಾನವೇಲ ಎಂದೂ ಬರೆದಿದ್ದರು. ಕೆಲವೆಡೆ ಬರಿಯ 'ಮಾ. ಸಿದ್ದಿ'. ಆಕೆಗೆ ಓದು ಬಾರದು. ಎಲ್ಲಿ, ತೋರಿಸಿ, ಎಂದಳು. ತೋರಿಸಿದೆನು. ಅಡಕೆಯ ಕರೆ ಹತ್ತಿದ ಬೆರಳನ್ನು ಸೆರಗಿಗೆ ಒರೆಸಿಕೊಂಡು ಆ ಸಾಲಿನ ಮೇಲಿಟ್ಟು, "ಇದರಲ್ಲಿ ದೇವರು ಅನ್ನುವುದು ಯಾವ ಅಕ್ಷರ?" ಎಂದು ಕೇಳಿದಳು.

ಕಡೆಯ ಎರಡು ಎಂದು ಹೇಳಿದೆನು. ತಂದೆಯವರ ಕೈಬರಹದಲ್ಲಿ ಆ ಭಾಗ ಸ್ವಲ್ಪ ಮಾಸಿತ್ತು. ಆಕೆ ಇನ್ನೊಂದು ಸಲ ನೋಡಿ, ಪುಸ್ತಕವನ್ನು ನನ್ನ ಕೈಗೆ ಕೊಟ್ಟು, ಮೆಟ್ಟುಗತ್ತಿಯ ಮುಂದೆ ಹೋಗಿ ಕುಳಿತಳು.